ರೀಸ್ಟಾರ್ಟ್ ಮಾಡದ ಒಂದು ಮಧ್ಯಾಹ್ನ

ಹುಮನಾಬಾದಿನ ಕೈಗಾರಿಕಾ ಪ್ರದೇಶದ ಒಂದು ಔಷಧ ಕಾರ್ಖಾನೆಯಲ್ಲಿ ಕಂಪ್ಯೂಟರ್ ವಿಭಾಗ ಅಂದರೆ ನಾನೊಬ್ಬಳೇ. ಬಸವಕಲ್ಯಾಣದ ಮನೆಯಿಂದ ದಿನಾ ಬಸ್ಸಿನಲ್ಲಿ ಹೋಗಿ ಬರುತ್ತೇನೆ. ಯಾರಾದರೂ ಏನು ಕೆಲಸ ಅಂತ ಕೇಳಿದರೆ 'ಕಂಪ್ಯೂಟರ್ ನೋಡ್ಕೋತೀನಿ' ಅನ್ನುತ್ತೇನೆ. ಅದಕ್ಕಿಂತ ಹೆಚ್ಚು ಹೇಳಲು ಹೋದರೆ ಕೇಳಿದವರು ಊಟಕ್ಕೆ ಹೊತ್ತಾಯಿತು ಅಂತ ಎದ್ದುಬಿಡುತ್ತಾರೆ.

ನಮ್ಮ ಗೇಟಿನ ಪಕ್ಕ ಲಾರಿ ತೂಗುವ ಕಾಟಾ ಇದೆ. ರಾಸಾಯನಿಕ ತುಂಬಿದ ಟ್ಯಾಂಕರು ಬಂದು ಕಾಟಾ ಮೇಲೆ ನಿಂತರೆ ತೂಕ ಕಂಪ್ಯೂಟರಿಗೆ ಹೋಗಬೇಕು, ಸರಕಿನ ವಿವರ ತೆರೆಯ ಮೇಲೆ ಬರಬೇಕು, ಆಮೇಲೆ ಗೇಟು ತೆರೆಯಬೇಕು. ಬಹಳ ಕಾಲ ಇದೆಲ್ಲ ಒಂದೇ ಹಳೆಯ ಸರ್ವರ್‌ನಲ್ಲಿ ನಡೆದಿತ್ತು. ಆ ಸರ್ವರ್ ಒಂದು ದಿನ ಸುಟ್ಟುಹೋಯಿತು. ಆಗ ದೊಡ್ಡ ಆಫೀಸಿನವರು ಹೊರಗಿನ ಒಂದು ತಂಡವನ್ನು ಕರೆಸಿ ಮೂರು ಹೊಸ ಯಂತ್ರಗಳನ್ನು ಒಟ್ಟಿಗೆ ಜೋಡಿಸಿದ ಕ್ಲಸ್ಟರ್ ಕಟ್ಟಿಸಿದರು. ತಂತ್ರಾಂಶವನ್ನು ತುಂಡು ತುಂಡು ಮಾಡಿ ಒಂದೊಂದು ತುಂಡನ್ನೂ ಒಂದೊಂದು ಕಂಟೇನರಿನಲ್ಲಿಟ್ಟರು. 'ಇನ್ನು ಕೆಟ್ಟುಹೋಗೋ ಮಾತೇ ಇಲ್ಲ' ಎಂದು ಹೇಳಿ ಹೋದವರು ಆಮೇಲೆ ಫೋನ್ ಎತ್ತಲಿಲ್ಲ.

ಕಂಟೇನರ್ ಅನ್ನುವ ಮಾತು ಕೇಳಿ ನಮ್ಮ ಉಗ್ರಾಣದ ಸೂಪರ್‌ವೈಸರ್ ಮೊದಲ ವಾರವೇ ನನ್ನ ಬಳಿ ಬಂದಿದ್ದರು. ಚಿಟಗುಪ್ಪದವರು, ನನಗಿಂತ ಹಿರಿಯರು. ಗೇಟಿನ ಪೂರ್ತಿ ಜವಾಬ್ದಾರಿ ಅವರದೇ.

"ಮೇಡಂ, ಕಂಟೇನರ್ ಬಂದಾವ ಅಂತಲ್ರಿ. ನನ್ನ ಗೇಟಿಗಿ ಒಂದೂ ಬಂದಿಲ್ಲ. ಯಾವ ಕಡಿಂದ ಒಳಗ ಬಿಟ್ರಿ?"

ಲಾರಿಯ ಕಂಟೇನರ್ ಅಲ್ಲ, ಕಂಪ್ಯೂಟರಿನೊಳಗಿನದು ಎಂದು ವಿವರಿಸಿದೆ. ಅವರು "ಹಂಗಾರ ಬಿಡ್ರಿ" ಎಂದು ಹೋದರು.

ಈ ಏರ್ಪಾಟಿನಲ್ಲಿ ಯಾವ ಕಂಟೇನರ್ ಯಾವ ಯಂತ್ರದಲ್ಲಿರಬೇಕು ಎಂದು ಕ್ಲಸ್ಟರೇ ತೀರ್ಮಾನಿಸುತ್ತದೆ. ಇವತ್ತು ಇಲ್ಲಿದ್ದದ್ದು ಕರೆಂಟು ಹೋಗಿ ಬಂದ ಮೇಲೆ ಅಲ್ಲಿರಬಹುದು. ಅದರ ವಿಳಾಸ ಬದಲಾಗುತ್ತದೆ, ಹೆಸರು ಮಾತ್ರ ಅದೇ ಇರುತ್ತದೆ. ಹೆಸರು ಕೇಳಿದವರಿಗೆ ಸದ್ಯದ ವಿಳಾಸ ಹೇಳುವುದು ಡಿಎನ್‌ಎಸ್ ಕೆಲಸ. ತೂಕ ಬರೆದುಕೊಳ್ಳುವ ಕಂಟೇನರು ಸರಕಿನ ವಿವರ ಇರುವ ಕಂಟೇನರನ್ನು ಹುಡುಕಬೇಕೆಂದರೆ ಪ್ರತಿಸಲವೂ ಈ ಡಿಎನ್‌ಎಸ್ ಅನ್ನೇ ಕೇಳಬೇಕು.

ಕೇಳಿದಾಗ ಅದು ಒಮ್ಮೆ ಹೇಳುತ್ತಿತ್ತು, ಒಮ್ಮೆ ಹೇಳುತ್ತಿರಲಿಲ್ಲ. ಪೂರ್ತಿ ಕೆಟ್ಟಿದ್ದರೆ ನನಗೆ ಇಷ್ಟು ಸಿಟ್ಟು ಬರುತ್ತಿರಲಿಲ್ಲ. ಒಂದು ಟ್ಯಾಂಕರು ಸಲೀಸಾಗಿ ಒಳಗೆ ಹೋಗುತ್ತಿತ್ತು. ಹಿಂದಿನದು ಕಾಟಾ ಏರಿದರೆ ತೆರೆಯ ಮೇಲೆ 'ಸರ್ವರ್ ಸಿಗುತ್ತಿಲ್ಲ'. ಮತ್ತೆ ಒತ್ತಿದರೆ ಬಂದರೂ ಬಂತು, ಬರದಿದ್ದರೂ ಇಲ್ಲ. ನಾನು ಗೇಟಿಗೆ ಓಡಿಹೋಗಿ ನಿಂತಾಗ ಮಾತ್ರ ಎಲ್ಲವೂ ಸರಿಯಾಗಿ ನಡೆಯುತ್ತಿತ್ತು. ನನ್ನ ತೆರೆಯಲ್ಲಿ ಮೂರೂ ಯಂತ್ರಗಳ ಹೆಸರಿನ ಮುಂದೆ ಎಲ್ಲ ಸರಿಯಿದೆ ಅನ್ನುವ ಹಸಿರು ಗುರುತು, ಎಲ್ಲ ಕಂಟೇನರುಗಳ ಮುಂದೂ ಹಸಿರು ಗುರುತು. ಆ ಹಸಿರು ನೋಡಿದರೇ ಮೈ ಉರಿಯುತ್ತಿತ್ತು.

ಮೊದಲನೇ ಸಲ ಏನೂ ತೋಚದೆ ಎಲ್ಲವನ್ನೂ ರೀಸ್ಟಾರ್ಟ್ ಮಾಡಿದೆ. ಸರಿಹೋಯಿತು, ಕೆಲವು ದಿನ ಚೆನ್ನಾಗಿಯೇ ನಡೆಯಿತು. ಅಷ್ಟು ಸಾಕಾಯಿತು. ಅಂದಿನಿಂದ ಇಡೀ ಕಾರ್ಖಾನೆಗೆ ರೀಸ್ಟಾರ್ಟ್ ಒಂದೇ ಮದ್ದು. ನಮ್ಮ ಮ್ಯಾನೇಜರ್ ಸಾಹೇಬರು ಕೆಮಿಸ್ಟ್ರಿ ಓದಿದವರು, ಕಂಪ್ಯೂಟರಿನ ಗೊಡವೆ ಬೇಡದವರು. ಕಾರಣ ಹುಡುಕಬೇಕು ಅಂತ ನಾನು ಹೇಳಿದಾಗಲೆಲ್ಲ ಕೈ ಅಡ್ಡ ಮಾಡುತ್ತಿದ್ದರು.

"ಕಾರಣ ತೊಗೊಂಡು ಏನ್ ಮಾಡ್ತೀರಿ? ರೀಸ್ಟಾರ್ಟ್ ಮಾಡಿದ್ರ ನಡಿತದಿಲ್ಲ? ಮಾಡ್ರಿ."

ಹೀಗೆ ನಡೆದಿದ್ದಾಗ ಒಂದು ಬೆಳಿಗ್ಗೆ ನನ್ನ ಬಸ್ಸು ರಾಜೇಶ್ವರ ದಾಟಿ, ಹುಮನಾಬಾದ್ ಇನ್ನೂ ಸ್ವಲ್ಪ ದೂರ ಇರುವಾಗಲೇ ಹೆದ್ದಾರಿಯಲ್ಲಿ ನಿಂತುಬಿಟ್ಟಿತು. ಮುಂದೆ ಸಾಲಾಗಿ ಟ್ಯಾಂಕರುಗಳು. ನನ್ನ ಪಕ್ಕದ ಸೀಟಿನಲ್ಲಿ ಮಡಿಲಲ್ಲೊಂದು ಕುರಿಮರಿ ಹಿಡಿದುಕೊಂಡ ಅಜ್ಜಿ ಕೂತಿದ್ದಳು. ಮರಿಗೆ ಹೊಟ್ಟೆ ಉಬ್ಬರವಾಗಿ ಪಶು ಆಸ್ಪತ್ರೆಗೆ ಹೊರಟವಳು.

ಕಂಡಕ್ಟರ್ ಇಳಿದು ವಿಚಾರಿಸಿ ಬಂದ. "ದವಾಯಿ ಫ್ಯಾಕ್ಟರಿದಾಗ ಕಾಟಾ ಬಂದ್ ಬಿದ್ದದಂತ. ಗಾಡಿ ಒಳಗ ಬಿಡವಲ್ರು."

"ಯಾವ ಹುಚ್ಚ ನೋಡ್ಕೋತಾನೋ ಆ ಕಾಟಾ! ದಿನಾ ಇದೇ ಹಣೇಬರ," ಎಂದು ಹಿಂದಿನಿಂದ ಒಬ್ಬರು ಕೂಗಿದರು.

ಅಜ್ಜಿ ನನ್ನ ಕಡೆ ತಿರುಗಿದಳು. "ನೀ ಎಲ್ಲಿಗಿ ಹೊಂಟೀದಿ ಯವ್ವಾ?"

"ಅದೇ ಫ್ಯಾಕ್ಟರಿಗಿ."

"ನಿನಗ ಗೊತ್ತೇನು ಅದು ಯಾಕ ಬಂದ್ ಬೀಳ್ತದ?"

"ಗೊತ್ತಿಲ್ಲಬೇ," ಅಂದೆ. ಆ ಒಂದು ಮಾತು ಹೇಳುವಾಗ ಆದಷ್ಟು ಸಂಕಟ ಸಾಹೇಬರ ಬೈಗುಳದಿಂದಲೂ ಆಗಿರಲಿಲ್ಲ. ಲ್ಯಾಪ್‌ಟಾಪ್ ಚೀಲ ಹೆಗಲಿಗೇರಿಸಿ ಇಳಿದು ಟ್ಯಾಂಕರುಗಳ ಪಕ್ಕದಲ್ಲೇ ನಡೆಯತೊಡಗಿದೆ.

ಗೇಟು ಇನ್ನೇನು ಹತ್ತಿರವಿತ್ತು. ಎರಡು ಟ್ಯಾಂಕರುಗಳ ನಡುವಿನ ನೆರಳಿನಲ್ಲಿ ಒಬ್ಬ ಚಾಲಕ ಸಣ್ಣ ಗ್ಯಾಸ್ ಒಲೆ ಇಟ್ಟುಕೊಂಡು, ಪಾತ್ರೆಗೆ ಅಕ್ಕಿ ತೊಳೆದು ಹಾಕಿ, ಬೆಂಕಿಪೊಟ್ಟಣ ಕೈಗೆತ್ತಿಕೊಂಡಿದ್ದ. ಎರಡೂ ಟ್ಯಾಂಕರುಗಳ ಮೈಮೇಲೆ ಬೆಂಕಿಯ ಚಿತ್ರದ ಎಚ್ಚರಿಕೆ ಬರೆದಿತ್ತು. ಕಿಡಿ ತಾಗಿದರೆ ಹೊತ್ತಿಕೊಳ್ಳುವ ದ್ರಾವಕ. ನಾನು ಕಿರುಚಿದ ರಭಸಕ್ಕೆ ಅವನ ಕೈಯಿಂದ ಪೊಟ್ಟಣ ಬಿತ್ತು.

"ಹುಚ್ಚ ಹಿಡದದೇನ್ರಿ ನಿಮಗ? ಗಾಡಿ ಬಾಜೂಕ ಒಲಿ ಹಚ್ಚಾಕತ್ತೀರಿ!"

ಅವನು ಎದ್ದು ನಿಂತ. ಹೆದರಲಿಲ್ಲ, ಸಿಟ್ಟಾದ. "ನಿನ್ನೆ ಸಂಜಿಂದ ಇಲ್ಲೇ ನಿಂತೀನ್ರಿ. ಗಾಡಿ ಬಿಟ್ಟು ಹೋಟೆಲಿಗಿ ಹೋದ್ರ ಲೈನ್ ಹೋಗ್ತದ. ಹೊಟ್ಟಿಗಿ ಏನ್ ತಿನ್ಲಿ? ನಿಮ್ಮ ಕಂಪ್ಯೂಟರ್ ತಿನ್ಲೇನು?"

ಹಿಂದಿನ ಸಂಜೆ ನಾನು ಮನೆಗೆ ಹೊರಟ ಮೇಲೆ ಕೆಟ್ಟಿರಬೇಕು, ರೀಸ್ಟಾರ್ಟ್ ಮಾಡುವವಳು ನಾನೊಬ್ಬಳೇ. ನನ್ನ ಊಟದ ಡಬ್ಬಿ ಅವನ ಕೈಗಿಟ್ಟು, ಒಲೆಯನ್ನು ಗೇಟಿನ ಕಾವಲುಗಾರರಿಗೆ ಕೊಡಿಸಿ ಒಳಗೆ ಹೋದೆ. ಹೋಗುವಾಗಲೇ ತೀರ್ಮಾನ ಮಾಡಿದ್ದೆ: ಇವತ್ತು ರೀಸ್ಟಾರ್ಟ್ ಮಾಡುವುದಿಲ್ಲ. ರೋಗ ಕಣ್ಣಮುಂದೆ ಇರುವಾಗಲೇ ನೋಡಬೇಕು. ರೀಸ್ಟಾರ್ಟ್ ಮಾಡಿದರೆ ಅದು ಮತ್ತೆ ಅಡಗಿಕೊಳ್ಳುತ್ತದೆ.

ಸಾಹೇಬರ ಕೋಣೆಗೆ ಹೋಗಿ, ಕಾಟಾದ ತೂಕವನ್ನು ಮಧ್ಯಾಹ್ನದವರೆಗೆ ಕೈಯಲ್ಲೇ ಬರೆದುಕೊಂಡು ಗಾಡಿ ಒಳಗೆ ಬಿಡಲಿ, ನಾನು ಅಷ್ಟರಲ್ಲಿ ಕಾರಣ ಹುಡುಕುತ್ತೇನೆ ಅಂದೆ.

"ರೀಸ್ಟಾರ್ಟ್ ಮಾಡ್ರಿ ಮೇಡಂ. ದಯಮಾಡಿ."

"ಸರ್, ಹೊರಗ ಟ್ಯಾಂಕರ್ ನಡುವ ಒಬ್ಬಾತ ಒಲಿ ಹಚ್ಚಾಕತ್ತಿದ್ದ. ಇವತ್ತ ನಾ ನೋಡೀನಿ, ತಪ್ಪಿತು. ನಾಳಿ ಯಾರು ನೋಡ್ತಾರ?"

ಸಾಹೇಬರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಬೆಂಕಿ ಅಂದರೆ ಏನು ಅಂತ ಅವರಿಗೆ ನನಗಿಂತ ಚೆನ್ನಾಗಿ ಗೊತ್ತು. "ಊಟದ ತನಕ," ಅಂದರು. "ಆಮ್ಯಾಲ ನಾನೇ ಬಂದು ಬಟನ್ ಒತ್ತತೀನಿ."

ಸೂಪರ್‌ವೈಸರ್ ತಮ್ಮ ಹುಡುಗರನ್ನು ಕಾಟಾದ ಹತ್ತಿರ ಬರೆಯಲು ಕೂರಿಸಿ, ತಾವು ಬಂದು ನನ್ನ ಕುರ್ಚಿಯ ಹಿಂದೆ ನಿಂತರು.

"ಒಂದ್ಸಲ ಹೊಡೀರಲ್ಲ ಮೇಡಂ, ರೀಸ್ಟಾರ್ಟ್."

"ಇಲ್ರಿ."

"ಬರದು ಬರದು ಹುಡುಗರು ಹೈರಾಣ ಆಗ್ಯಾರ."

"ನಾನೂ ಹೈರಾಣ ಆಗೀನ್ರಿ. ಜರಾ ದಮ್ ಹಿಡಿರಿ."

ತೂಕದ ಕಂಟೇನರಿನ ಒಳಗಿನಿಂದ ಸರಕಿನ ಕಂಟೇನರಿನ ಹೆಸರನ್ನು ಕೇಳಿದೆ. ತಟ್ಟನೆ ವಿಳಾಸ ಬಂತು. ಮತ್ತೆ ಕೇಳಿದೆ, ಬಂತು. ಮೂರನೆಯ ಸಲ ತೆರೆ ಸುಮ್ಮನೆ ಕೂತಿತು. ಹಿಂದೆ ಸೂಪರ್‌ವೈಸರ್ ಕೆಮ್ಮಿದರು. ನಾನು ಕೇಳುತ್ತಲೇ ಹೋದೆ. ಉತ್ತರ, ಮೌನ, ಮೌನ, ಉತ್ತರ. ಮಧ್ಯದ ಸ್ಥಿತಿಯೇ ಇಲ್ಲ. ನಿಧಾನವಾಗಿ ಬರುವುದಿಲ್ಲ, ತಪ್ಪಾಗಿ ಬರುವುದಿಲ್ಲ. ಬಂದರೆ ಸರಿಯಾಗಿಯೇ ಬರುತ್ತದೆ, ಇಲ್ಲದಿದ್ದರೆ ಬರುವುದೇ ಇಲ್ಲ. ಆಗ ಹೊಳೆಯಿತು: ಉತ್ತರ ಕೊಡುವವರು ಇಬ್ಬರು. ಒಂದು ಕೆಟ್ಟರೆ ಇನ್ನೊಂದು ಇರಲಿ ಅಂತ ಡಿಎನ್‌ಎಸ್ ಅನ್ನು ಎರಡು ಪ್ರತಿ ಮಾಡಿ ಇಟ್ಟಿದ್ದರು. ಪ್ರಶ್ನೆ ಯಾರ ಪಾಲಿಗೆ ಬೀಳುತ್ತದೋ ಅವರು ಹೇಳಬೇಕು. ನಾನು ಇಷ್ಟು ದಿನ ಇಬ್ಬರನ್ನೂ ಸೇರಿಸಿ ಕೇಳುತ್ತಿದ್ದೆನೇ ಹೊರತು ಒಬ್ಬೊಬ್ಬರನ್ನೇ ಬೇರೆಯಾಗಿ ಕೇಳಿರಲಿಲ್ಲ. ಕೇಳೋಣವೆನ್ನುವಷ್ಟರಲ್ಲಿ ಯಾರೋ ರೀಸ್ಟಾರ್ಟ್ ಮಾಡಿಸಿಬಿಡುತ್ತಿದ್ದರು.

ಮೊದಲನೆಯದನ್ನು ನೇರವಾಗಿ ಕೇಳಿದೆ. ಎಷ್ಟು ಸಲ ಕೇಳಿದರೂ ಉತ್ತರ. ಎರಡನೆಯದನ್ನು ಕೇಳಿದೆ. ಒಂದು ಸಲವೂ ಇಲ್ಲ.

ಆದರೆ ಆ ಎರಡನೆಯದರ ಮುಂದೆಯೂ ಹಸಿರು ಗುರುತೇ! ಅದು ಇದ್ದದ್ದು ಮೂರನೆಯ ಯಂತ್ರದಲ್ಲಿ. ಬೇರೆ ಕೆಲಸವೇ ಇಲ್ಲದೆ ಹೆಚ್ಚುಕಡಿಮೆ ಖಾಲಿ ಬಿದ್ದಿದ್ದ ಯಂತ್ರ ಅದು. ನೇರವಾಗಿ ಆ ಯಂತ್ರಕ್ಕೇ ಹೋಗಿ ಅಲ್ಲಿಂದಲೇ ಕೇಳಿದರೆ ಚಕ್ಕನೆ ಉತ್ತರ ಕೊಟ್ಟಿತು. ಅಂದರೆ ಅದು ಆರೋಗ್ಯವಾಗಿಯೇ ಇದೆ. ಹೊರಗಿನ ಪ್ರಶ್ನೆ ಅದನ್ನು ಮುಟ್ಟುತ್ತಿಲ್ಲ. ಹೊರಗಿನಿಂದ ಬರುವುದನ್ನು ತಡೆಯುವ ಕಾವಲು, ಅಂದರೆ ಆ ಯಂತ್ರದ ಫೈರ್‌ವಾಲ್ ನೋಡಿದೆ. ಚಾಲೂ ಇತ್ತು. ಉಳಿದ ಎರಡು ಯಂತ್ರಗಳಲ್ಲಿ ಇಲ್ಲ, ಇದೊಂದರಲ್ಲಿ ಮಾತ್ರ. ರೀಸ್ಟಾರ್ಟ್ ಮಾಡಿದಾಗ ಎರಡೂ ಪ್ರತಿಗಳು ಬೇರೆ ಯಂತ್ರಗಳಿಗೆ ಹೋಗಿ ಕೂತರೆ ಎಲ್ಲ ಸರಿಯಾಗುತ್ತಿತ್ತು. ಕರೆಂಟು ಹೋಗಿ ಬಂದಾಗ ಒಂದು ಈ ಮೂರನೆಯದಕ್ಕೆ ಬಂದರೆ ಮತ್ತೆ ಶುರು.

ದೊಡ್ಡ ಆಫೀಸಿನ ನೆಟ್‌ವರ್ಕ್ ನೋಡುವವರಿಗೆ ಫೋನ್ ಮಾಡಿದೆ.

"ನಾ ಏನೂ ಮುಟ್ಟಿಲ್ರಿ," ಅಂದರು, ನಾನು ಬಾಯಿ ತೆರೆಯುವ ಮೊದಲೇ.

"ಮೂರನೇ ಮಷೀನಿಗೆ ಫೈರ್‌ವಾಲ್ ಯಾರು ಹಾಕ್ಯಾರ?"

"ಹಾಂ, ಅದಾ? ಆಡಿಟ್‌ನವರು ಕೇಳಿದ್ರು. ಟ್ರಯಲ್ ಅಂತ ಒಂದಕ್ಕ ಹಾಕಿದ್ದೆ. ಯಾಕ, ಏನಾರ ತೊಂದ್ರಿ ಆಯ್ತೇನ್ರಿ?"

ಏನು ಹೇಳಬೇಕು ಇವರಿಗೆ? ಬಸ್ಸಿನ ಅಜ್ಜಿ, ಹಸಿದ ಚಾಲಕ, ಬರೆದು ಬರೆದು ಕೈನೋವು ಬಂದ ಹುಡುಗರು, ಎಲ್ಲರೂ ಒಟ್ಟಿಗೇ ನೆನಪಾದರು. "ಸ್ವಲ್ಪ ಆಯ್ತ್ರಿ," ಎಂದು ಫೋನ್ ಇಟ್ಟೆ.

ಮೂರು ಯಂತ್ರಗಳು ತಮ್ಮತಮ್ಮಲ್ಲಿ ಮಾತಾಡಿಕೊಳ್ಳಲು ಬೇಕಾದ ದಾರಿಗಳನ್ನು ಫೈರ್‌ವಾಲಿನಲ್ಲಿ ತೆರೆಯಲು ಚಹಾ ಕುಡಿಯುವಷ್ಟು ಹೊತ್ತೂ ಹಿಡಿಯಲಿಲ್ಲ. ಎರಡನೆಯ ಪ್ರತಿಯನ್ನು ಮತ್ತೆ ಕೇಳಿದೆ. ಉತ್ತರ ಬಂತು. ಕೇಳಿದಷ್ಟೂ ಸಲ ಬಂತು. ಸೂಪರ್‌ವೈಸರ್ ಗೇಟಿಗೆ ಫೋನ್ ಹಚ್ಚಿ ಟ್ಯಾಂಕರನ್ನು ಕಾಟಾ ಮೇಲೆ ತರಲು ಹೇಳಿದರು. ತೂಕ ಬಂತು. ಮುಂದಿನದು, ಅದರ ಮುಂದಿನದು. ಸಂಜೆಯ ಹೊತ್ತಿಗೆ ಹೆದ್ದಾರಿ ಖಾಲಿಯಾಗಿತ್ತು.

"ರೀಸ್ಟಾರ್ಟ್ ಇಲ್ದೇ ಚಾಲೂ ಆತಲ್ರಿ!" ಎಂದು ಸೂಪರ್‌ವೈಸರ್ ಬಾಯಿ ತೆರೆದರು. ನನಗೆ ನಗು ಬರಲಿಲ್ಲ. ಇಷ್ಟು ಸಣ್ಣ ವಿಷಯಕ್ಕೆ ಇಷ್ಟು ತಿಂಗಳು ಹೋದವಲ್ಲ ಅಂತ ಮೇಜಿನ ಮೇಲೆ ತಲೆಯಿಟ್ಟು ಕೂತುಬಿಟ್ಟೆ.

ಆಮೇಲಿನ ಸಭೆಯಲ್ಲಿ ಫೈರ್‌ವಾಲಿನ ಕಥೆಯನ್ನು ಚಿತ್ರ ಬರೆದು ವಿವರಿಸಿದೆ. ಸಾಹೇಬರು ಗಮನವಿಟ್ಟು ಕೇಳಿದರು, ಎಲ್ಲರೆದುರಿಗೆ ಶಾಬಾಸ್ ಅಂದರು. ಬೆಂಕಿಯ ಮಾತು ನೆನಪಿಟ್ಟುಕೊಂಡು, ಚಾಲಕರಿಗೆ ಗೇಟಿನಿಂದ ದೂರ ಒಂದು ಶೆಡ್ಡು, ನೀರು, ಅಡಿಗೆಗೆ ಜಾಗ ಮಾಡಿಸಿದರು. ಅದು ಆದದ್ದು ನನಗೆ ಡಿಎನ್‌ಎಸ್ ಸರಿಹೋದದ್ದಕ್ಕಿಂತ ಹೆಚ್ಚು ಸಮಾಧಾನ ಕೊಟ್ಟಿತು. ಆದರೆ ಸಭೆ ಮುಗಿಯುವಾಗ ಅವರು, "ಅದೂ ಇರ್ಲಿ, ದಿನಾ ಮುಂಜಾನಿ ಒಂದ್ ರೀಸ್ಟಾರ್ಟೂ ಇರ್ಲಿ" ಅಂದರು. ಔಷಧ ಕಾರ್ಖಾನೆಯಲ್ಲಿ ಒಂದು ಕ್ರಮ ಕಾಗದದ ಮೇಲೆ ಬಂದು ಸಹಿ ಬಿದ್ದರೆ ಅದನ್ನು ತೆಗೆಸುವುದು ಸುಲಭವಲ್ಲ. ಹಾಗಾಗಿ ಏನೂ ಆಗದ ಕ್ಲಸ್ಟರನ್ನು ನಾನು ಈಗಲೂ ಪ್ರತಿ ಬೆಳಿಗ್ಗೆ ರೀಸ್ಟಾರ್ಟ್ ಮಾಡುತ್ತೇನೆ, ಮಾಡಿದ್ದೇನೆ ಅಂತ ಸಹಿಯನ್ನೂ ಹಾಕುತ್ತೇನೆ.

ಇನ್ನು ಸೂಪರ್‌ವೈಸರ್ ಡಿಎನ್‌ಎಸ್ ಅನ್ನುವ ಹೊಸ ಮಾತು ಕಲಿತಿದ್ದಾರೆ. ಕಳೆದ ವಾರ ಏದುಸಿರು ಬಿಡುತ್ತಾ ಬಂದರು.

"ಮೇಡಂ, ತೂಕದ ಚೀಟಿ ಪ್ರಿಂಟ್ ಬರವಲ್ದು. ಮತ್ತ ಅದೇ ಡಿಎನ್‌ಎಸ್ಸು ನೋಡ್ರಿ. ನಂಗ ಪಕ್ಕಾ ಗೊತ್ತದ."

ಕೈಯಲ್ಲಿದ್ದ ಕೆಲಸ ಬಿಟ್ಟು ಬಿಸಿಲಿನಲ್ಲಿ ಗೇಟಿನವರೆಗೆ ನಡೆದು ಹೋಗಿ ನೋಡಿದೆ. ಪ್ರಿಂಟರಿನಲ್ಲಿ ಕಾಗದ ಇರಲಿಲ್ಲ.