ಅಂಗಿಯೊಳಗಿನ ಗಂಟು

ಮಾಧವನಗರದಲ್ಲಿ ನಮ್ಮ ಪಕ್ಕದ ಮನೆಯ ಕಾಕಾ ಬಟ್ಟೆ ಗಿರಣಿಯಲ್ಲಿ ನೇಯುತ್ತಿದ್ದವರು. ಮಗ್ಗಗಳ ಗದ್ದಲದಲ್ಲಿ ಕೂಗಿ ಮಾತಾಡಿದ ರೂಢಿ, ಗಿರಣಿ ಮುಚ್ಚಿ ವರ್ಷಗಳಾದರೂ ಹೋಗಿರಲಿಲ್ಲ. ಯಾರಾದರೂ ಹೊಸ ಬಟ್ಟೆ ಹಾಕಿ ಎದುರಾದರೆ ಸಾಕು, ಅಂಚು ಹಿಡಿದು ಬೆರಳಲ್ಲಿ ಉಜ್ಜಿ ಕೂಗುವರು: "ಇದರಿಂದ ಎಷ್ಟ ಮನಿ ಒಲಿ ಹತ್ಯಾವ ಗೊತ್ತೇನ?" ಹತ್ತಿ ಬಿಡಿಸಿದವರಿಂದ ಗುಂಡಿ ಹಚ್ಚಿದವರವರೆಗೆ ಹೇಳಿ ಮುಗಿಸದೆ ಅಂಚು ಬಿಡುತ್ತಿರಲಿಲ್ಲ.

ಒಮ್ಮೆ ನನ್ನ ಹೊಸ ಅಂಗಿಯ ಎದೆಯ ಮೇಲೇ ನೂಲಿನ ಗಂಟೊಂದು ಕಂಡಿತು. ಸಿಟ್ಟಿನಿಂದ ಸಾಂಗ್ಲಿಯ ಅಂಗಡಿಗೆ ಮರಳಿಸಲು ಹೊರಟೆ. ಕಾಕಾ ತಡೆದು ಗಂಟನ್ನು ಸವರಿದರು.

"ಎಳಿ ಹರದೈತಿ. ನೇಯಾಂವ ಮಗ್ಗ ನಿಂದರ್ಸಿ ಕಟ್ಯಾನ."

ಆಮೇಲೆ, ಗಿರಣಿಯ ಮೇಲ್ವಿಚಾರಕ ಅಲ್ಲೇ ಎಲ್ಲೋ ನಿಂತಿರುವಂತೆ ಅತ್ತಿತ್ತ ನೋಡಿ, ಮೊದಲ ಸಲ ದನಿ ತಗ್ಗಿಸಿದರು:

"ವಾಪಸ್ ಕೊಡಬ್ಯಾಡ. ಅಂವನ ಪಗಾರ ಕಡೀತಾರ."