ತೊರೆಯ ಪಂಡಿತನ ತಪ್ಪೊಪ್ಪಿಗೆ

ಪಂಚಾಕ್ಷರಿ ಹೋಗಿ ಹತ್ತೊಂಬತ್ತು ದಿನವಾಯಿತು. ಮನೆಯಲ್ಲಿ ಕೂರಲಾಗುತ್ತಿಲ್ಲ. ಎದ್ದು ಅತ್ತಿಗುಪ್ಪೆಯ ತನಕ ನಡೆದು ಬರುತ್ತೇನೆ, ಬಂದವನು ಮತ್ತೆ ಚಪ್ಪಲಿ ಮೆಟ್ಟುತ್ತೇನೆ. ಅವನ ಬಗ್ಗೆ ನಾಲ್ಕು ಮಾತು ಬರೆಯಿರಿ ಎಂದು ವಾಚನಾಲಯದವರು ಕೇಳಿದ್ದಾರೆ. ಬರೆಯಲು ಕೂತರೆ ಒಂದೇ ಒಂದು ಪುಟ ಕಣ್ಣ ಮುಂದೆ ಬರುತ್ತದೆ. ಅದನ್ನು ಬರೆದವನು ಅವನಲ್ಲ, ನಾನು.

ಅವನು ಸರ್ಕಾರಿ ಕಾರ್ಖಾನೆಯೊಂದರ ಉಗ್ರಾಣದಲ್ಲಿ ಗುಮಾಸ್ತ. ಬೆಂಗಳೂರಿನ ವಿಜಯನಗರದ ನಮ್ಮ ರಸ್ತೆಗೆ ಬಂದಾಗ ಇಲ್ಲಿ ಬೀದಿದೀಪವೂ ಇರಲಿಲ್ಲ. ಕೊಡೆಯ ತುದಿಯಿಂದ ನೆಲ ಕುಟ್ಟುತ್ತಾ ನಡೆಯುವುದು ಅವನ ಅಭ್ಯಾಸ. ಹಾಲು ಹಾಕಲು ಬರುತ್ತಿದ್ದ, ಪಕ್ಕದ ಹಳೆಯ ಊರಿನ ಕೆಂಪಯ್ಯನನ್ನು ಒಮ್ಮೆ ತಡೆದು ಕೇಳಿದ: "ಇಲ್ಲಿ ಮೊದಲು ಏನಿತ್ತು ಕೆಂಪಯ್ಯ?"

"ಕೆರೆ ಸ್ವಾಮಿ. ಎಮ್ಮೆ ಈಜ್ತಿದ್ವು. ಈಗ ನೀವು ಮಲಗ್ತೀರಿ."

ಪಂಚಾಕ್ಷರಿ ವಾರವೆಲ್ಲ ಆ ಮಾತು ಹೇಳಿಕೊಂಡು ನಕ್ಕ. ಆಮೇಲೆ ಬರೆಯತೊಡಗಿದ.

ನಮ್ಮದೊಂದು ಕೈಬರಹದ ಮಾಸಿಕವಿತ್ತು, 'ಹೊಸ್ತಿಲು'. ಇದ್ದದ್ದು ಒಂದೇ ಪ್ರತಿ. ದಿನಕ್ಕೊಂದು ಮನೆಯಂತೆ ಇಪ್ಪತ್ತಾರು ಮನೆ ಸುತ್ತಿ ವಾಚನಾಲಯಕ್ಕೆ ಮರಳುತ್ತಿತ್ತು. ಕೊನೆಯ ಖಾಲಿ ಹಾಳೆಗಳಲ್ಲಿ ಓದಿದವರು ಅಭಿಪ್ರಾಯ ಬರೆದು ಸಹಿ ಹಾಕಬೇಕು. ನಾನು ನಕ್ಷೆ ಬಿಡಿಸುವ ಕೆಲಸದವನು, ಅಕ್ಷರ ದುಂಡಗೆ. ಪಂಚಾಕ್ಷರಿಯದು ಮಸಿಯಲ್ಲಿ ಬಿದ್ದೆದ್ದ ಇರುವೆಯ ಸಾಲು. ಅವನು ಬರೆಯುವುದು, ನಾನು ಅಂದವಾಗಿ ನಕಲು ಮಾಡಿ ಮೂಲ ಹಾಳೆ ಅವನಿಗೆ ಹಿಂದಿರುಗಿಸುವುದು.

ಅವನು ಬರೆದದ್ದು ಏಳುಕೆರೆ ಎಂಬ ರಾಜ್ಯದ ಕತೆ. ಅಲ್ಲಿ ಕೆರೆ ಮುಚ್ಚಿ ಅರಮನೆ ಬೀದಿ ಮಾಡಿದ್ದಾರೆ. ತೊರೆಯನೆಂಬ ಪಂಡಿತ ಮನೆಮನೆಯ ಬಾಗಿಲಿಗೂ ಸುಣ್ಣದಲ್ಲಿ ಗೆರೆ ಎಳೆದು, "ನೀರು ತನ್ನ ಮನೆ ಮರೆಯುವುದಿಲ್ಲ, ಬಂದರೆ ಇಲ್ಲಿಯವರೆಗೆ" ಎನ್ನುತ್ತಾನೆ. ಅರ್ಧ ಊರು ಅವನಿಗೆ ಕೈ ಮುಗಿಯುತ್ತದೆ, ಅರ್ಧ ಊರು ಕಲ್ಲು ಹೊಡೆಯುತ್ತದೆ.

ನಮ್ಮ ರಸ್ತೆಯಲ್ಲೂ ಹಾಗೇ ಆಯಿತು. ಅಭಿಪ್ರಾಯದ ಹಾಳೆ ಸಾಲದೆ ಅಂಟಿಸಬೇಕಾಯಿತು. ಎಪ್ಪತ್ತಾರರ ಬೇಸಿಗೆಯಲ್ಲಿ ಒಂದು ಬೆಳಿಗ್ಗೆ ನಿವಾಸಿಗಳ ಸಂಘದ ಅಧ್ಯಕ್ಷ ಏಕಾಂತಯ್ಯ ನಮ್ಮ ಮನೆಗೆ ಬಂದರು.

"ಏನ್ ಗಂಗಾಧರಯ್ಯ, ನಮ್ಮ ಬೀಗರು ಮನೆ ನೋಡೋಕೆ ಬಂದೋರು ಮೊದ್ಲು ನೆಲ ಮುಟ್ಟಿ ನೋಡಿದ್ರು! ತೇವ ಇದ್ಯಾ ಅಂತ!"

"ಅದು ಕತೆ ಸಾರ್."

"ಕತೇನೇ ಆದ್ರೆ ಪಂಡಿತನ ಕೈಲಿ ತಪ್ಪಾಯ್ತು ಅನ್ನಿಸೋಕೇನು ಕಷ್ಟ? ಎಮರ್ಜೆನ್ಸಿ, ಕಾಲ ಸರಿಯಿಲ್ಲ. ಸರ್ಕಾರದ ಬಡಾವಣೆ, ಬರೆಯೋನು ಸರ್ಕಾರಿ ನೌಕರ. ಯಾರಾದ್ರೂ ಒಂದು ಅರ್ಜಿ ಹಾಕಿದ್ರೆ ಅವನ ಕೆಲಸ ಉಳಿಯತ್ತಾ?"

ನಾನು ಹೋಗಿ ಹೇಳಿದೆ. ಪಂಚಾಕ್ಷರಿ ತಲೆ ಎತ್ತಲಿಲ್ಲ. "ತೊರೆಯ ಬೇಕಾದ್ರೆ ಸಾಯ್ತಾನೆ ಕಣಯ್ಯ. ತಪ್ಪಾಯ್ತು ಅನ್ನಲ್ಲ."

ಮುಂದಿನ ಕಂತಿನಲ್ಲಿ ಅರಸ ಪಂಡಿತನನ್ನು ಗಡೀಪಾರು ಮಾಡುತ್ತಾನೆ. ಅವನು ಹೋಗುತ್ತಾ ಕೋಟೆಯ ಬಾಗಿಲಿಗೂ ಗೆರೆ ಎಳೆಯುತ್ತಾನೆ. ಇದು ಪಂಚಾಕ್ಷರಿ ಬರೆದದ್ದು. ನಕಲು ಮಾಡುವಾಗ ನನಗೆ ಅವನ ಸಂಬಳ, ಹೆಂಡತಿ ನೀಲಗಂಗಮ್ಮ, ಎಲ್ಲ ನೆನಪಾಯಿತು. ನನ್ನ ದುಂಡಗಿನ ಅಕ್ಷರದಲ್ಲಿ ಪಂಡಿತ ಅರಸನ ಕಾಲಿಗೆ ಬಿದ್ದ. "ನನ್ನ ಎಣಿಕೆ ತಪ್ಪು" ಎಂದ. ಗೆರೆಗಳನ್ನು ತಾನೇ ಒರೆಸಿದ.

ಇಪ್ಪತ್ತೈದು ಮನೆಯವರು ಮೆಚ್ಚಿ ಸಹಿ ಹಾಕಿದರು. ಇಪ್ಪತ್ತಾರನೆಯ ಮನೆ ಅವನದು. ಪತ್ರಿಕೆ ಮರಳಿದಾಗ ಎಲ್ಲರ ಕೆಳಗೆ ಇರುವೆ ಸಾಲಿನಲ್ಲಿ ಹೀಗಿತ್ತು: "ಅಕ್ಷರ ಚೆನ್ನಾಗಿದೆ. ಈ ಪಂಡಿತ ಮಾತ್ರ ನನಗೆ ಪರಿಚಯದವನಲ್ಲ. ಪಂಚಾಕ್ಷರಿ."

ಅವನು ಜಗಳವಾಡಿದ್ದರೆ ಚೆನ್ನಾಗಿತ್ತು. ಎಂದಿನಂತೆ ಕಾಫಿಗೆ ಬಂದ, ಪೇಪರ್ ಓದಿದ. ಆದರೆ ಎರಡು ವರ್ಷ ನನಗೆ ಒಂದು ಹಾಳೆಯನ್ನೂ ಕೊಡಲಿಲ್ಲ. ಎದೆನೋವೆಂದು ಆಸ್ಪತ್ರೆ ಸೇರಿದಾಗ ಬಾಯಿ ತೆರೆದೆ: "ಪಂಚಾಕ್ಷರಿ, ಆ ಪುಟ..."

"ಯಾವ ಪುಟ? ಕಾಫಿ ಕುಡಿದ್ಯಾ?"

ಮೂರನೆಯ ದಿನ ಅವನಿಲ್ಲ. ವಿಭೂತಿ ಬಳಿದು ಕೂರಿಸಿದ್ದಾಗ ಏನೋ ಓದುತ್ತಾ ಕೂತವನಂತೆ ಕಂಡ.

ಮೊನ್ನೆ ನೀಲಗಂಗಮ್ಮ ಮಡಿಸಿದ ಹಾಳೆಯೊಂದನ್ನು ಕೈಗಿಟ್ಟರು. "ಎಸೀಬೇಡ ಅಂದಿದ್ರು. ಯಾರಿಗೆ ಕೊಡ್ಬೇಕು ಅಂತ ಹೇಳ್ಲಿಲ್ಲ. ಅವರ ಅಕ್ಷರ ಓದೋಕೆ ಬರೋದು ನಿಮಗೊಬ್ಬರಿಗೇ ಅಲ್ವಾ ಅಣ್ಣ?" ಕೋಟೆ ಬಾಗಿಲಿನ ಪುಟ ಅದು.

ನಿನ್ನೆ ಅದನ್ನು ಒಂದಕ್ಷರ ಬಿಡದೆ ನಕಲು ಮಾಡಿ, ಹಳೆಯ ಸಂಚಿಕೆಯಲ್ಲಿ ನನ್ನ ಪುಟದ ಮೇಲೆ ಮೈದಾ ಅಂಟಿನಿಂದ ಅಂಟಿಸಿದೆ. ಅವನ ಅಭಿಪ್ರಾಯದ ಕೆಳಗೆ ಬರೆದೆ: "ಪಂಡಿತನನ್ನು ಕಾಲಿಗೆ ಬೀಳಿಸಿದವನು ನಾನು. ಗಂಗಾಧರಯ್ಯ."

ಇವತ್ತು ಬೆಳಿಗ್ಗೆ ಮೊದಲ ಮನೆಗೆ ಒಯ್ದೆ. ಏಕಾಂತಯ್ಯ ಹೋದ ವರ್ಷ ಪಕ್ಕದ ಸೈಟಿನಲ್ಲಿ ಹೊಸ ಮನೆ ಕಟ್ಟಿಸಿಕೊಂಡಿದ್ದಾರೆ. ಅವರು ಬಾಗಿಲಲ್ಲೇ ನಿಂತು ಓದಿದರು.

"ಸತ್ತೋರ ಕತೆ ಯಾಕೆ ಮತ್ತೆ ಎತ್ತುತೀರಿ? ಆ ಪಂಡಿತನ ಮಾತು ಈ ರಸ್ತೇಲಿ ಯಾರು ನಂಬಿದ್ರು?"

"ಹಳೇ ಮನೆಗೆ ಒಂದೇ ಮೆಟ್ಟಿಲಿತ್ತಲ್ಲ ಸಾರ್. ಇದಕ್ಕೆ ಐದು ಹತ್ತಿ ಬಂದೆ."

ಅವರು ಮೆಟ್ಟಿಲು ನೋಡಿದರು. "ಮೇಸ್ತ್ರಿ ಹಾಕ್ದ" ಎಂದರು. ಅಭಿಪ್ರಾಯದ ಹಾಳೆ ತಿರುವಿ, "ಪೆನ್ ಇದ್ಯಾ?" ಎಂದು ಕೇಳಿದರು.

ಸಹಿ ಹಾಕಿದರು. ಇನ್ನು ಇಪ್ಪತ್ತೈದು ಮನೆ ಇವೆ.