ಪರದೆಯ ಹಗ್ಗ ನನ್ನ ಕೈಯಲ್ಲಿತ್ತು

ದೆವ್ವ, ಮೈಮೇಲೆ ಬರುವುದು, ಇವನ್ನೆಲ್ಲ ನಾನು ನಂಬಿದವನಲ್ಲ. ಆರನೇ ಕ್ಲಾಸಿಗೆ ಶಾಲೆ ಬಿಟ್ಟು ಉಳಿ ಹಿಡಿದವನು. ಕಣ್ಣಿಗೆ ಕಂಡದ್ದು, ಕೈಗೆ ಸಿಕ್ಕಿದ್ದು ಅಷ್ಟೇ ನಿಜ ಎಂದುಕೊಂಡು ಬದುಕಿದ್ದೆ. ಈಗಲೂ ಹಾಗೇ ಅನ್ನುತ್ತೇನೆ. ಆದರೆ ಹಲಸೂರಿನ ಆ ಒಂದು ಸಂಜೆಯನ್ನು ಎಲ್ಲಿಡಬೇಕೋ ತಿಳಿಯುತ್ತಿಲ್ಲ.

ಕೆ.ಆರ್. ಪುರದಲ್ಲಿ ನನ್ನ ಮರಗೆಲಸದ ಶೆಡ್ಡು. ನಾಟಕದವರಿಗೆ ಸೆಟ್ ಮಾಡಿಕೊಟ್ಟು, ಆಟದ ದಿನ ಪರದೆಯನ್ನೂ ನಾನೇ ಎಳೆಯುತ್ತಿದ್ದೆ. ಹಾಗೆ ಪರಿಚಯವಾದವರು ಒಬ್ಬ ಇಂಗ್ಲಿಷ್ ನಟರು. ಲಂಡನ್ನಿನಲ್ಲಿ ನಾಟಕ, ಸಿನಿಮಾ ಎರಡರಲ್ಲೂ ಬಹಳ ವರ್ಷ ದುಡಿದವರು, ನಾಟಕ ಬರೆದವರು. ಹೆಂಡತಿ ಹಲಸೂರಿನವರಾದ್ದರಿಂದ ವಯಸ್ಸಾದ ಮೇಲೆ ಇಲ್ಲೇ ಬಂದು ನೆಲೆಸಿದ್ದರು. ಆಕೆ ತೀರಿಕೊಂಡಾಗ ಆಕೆಯ ಬಗ್ಗೆಯೇ ಇಂಗ್ಲಿಷಿನಲ್ಲಿ ಒಂದು ನಾಟಕ ಬರೆದು, ಒಬ್ಬರೇ ಆಡಲು ಹೊರಟರು. ಅಷ್ಟರಲ್ಲಿ ಮರೆವು ಶುರುವಾಗಿತ್ತು. ಪಕ್ಕದಿಂದ ಮಾತು ಎತ್ತಿಕೊಡಲು ಯಾರನ್ನಾದರೂ ನಿಲ್ಲಿಸೋಣವೆಂದರೆ ಒಪ್ಪಲಿಲ್ಲ.

“ನಾನು ನಿಂತ್‌ಬಿಟ್ರೆ ನೀನು ಪರದೆ ಬಿಡು, ಮೇಸ್ತ್ರಿ,” ಎಂದರು, ಹೆಂಡತಿಯಿಂದ ಕಲಿತ ಕನ್ನಡದಲ್ಲಿ. “ಜನ ಅಯ್ಯೋ ಅನ್ಬಾರ್ದು.”

ಲೈಟು ನೋಡಿಕೊಳ್ಳುತ್ತಿದ್ದ ಅಂತೋಣಿ ನಕ್ಕ. “ಇಂಗ್ಲಿಷ್ ಅರ್ಥ ಆಗಲ್ಲ ಅಂತ ಮಧ್ಯದಲ್ಲೇ ಬಿಟ್ಬಿಟ್ಟೀಯ ಗುರು!”

“ನಿನ್ ಲೈಟ್ ನೋಡ್ಕೋ ಹೋಗಯ್ಯಾ,” ಎಂದೆ.

ಹಲಸೂರಿನಲ್ಲಿ ಆಟದ ಸಂಜೆ, ಕೊನೆಯ ಭಾಗದಲ್ಲಿ ಅವರು ನಿಂತೇಬಿಟ್ಟರು. ಬಾಯಿ ತೆರೆದಿದೆ, ಮಾತಿಲ್ಲ. ಸಭೆಯಲ್ಲಿ ಯಾರೋ ಕೆಮ್ಮಿದರು. ಹಗ್ಗ ಬಿಡಬೇಕು ಅಂದುಕೊಂಡೆ, ಬೆರಳು ಸಡಿಲವಾಗಲಿಲ್ಲ. ಆಮೇಲೆ ನನಗೆ ನೆನಪಿರುವುದು ಅವರು ಥಟ್ಟನೆ ನನ್ನ ಕಡೆ ತಿರುಗಿದ್ದು, ಕುರ್ಚಿ ಎಳೆದು ಕೂತಿದ್ದು, ಮಾತು ಮತ್ತೆ ಬಂದದ್ದು. ನಾಟಕ ಪೂರ್ತಿ ಮುಗಿಯಿತು.

ಅಂತೋಣಿ ಓಡಿಬಂದ. “ಮಗಾ, ಇಂಗ್ಲಿಷ್ ಯಾವಾಗ ಕಲ್ತೆ? ‘ಮೊದ್ಲು ಕೂತ್ಕೋ, ಆಮೇಲೆ ಹೇಳು’ ಅಂದ್ಯಲ್ಲ!”

ನಾನು ಬಾಯಿ ಬಿಟ್ಟದ್ದೇ ನನಗೆ ಗೊತ್ತಿಲ್ಲ. ಮುಂದಿನ ಸಾಲಿನವರಿಗೂ ಕೇಳಿಸಿತ್ತು. ಆ ಮಾತು ನಾಟಕದಲ್ಲಿ ಇರಲೂ ಇಲ್ಲ. ಹೊಸದಾಗಿ ಬರೆದದ್ದನ್ನು ಓದಿಹೇಳಲು ಅವರು ಓಡಿಬಂದಾಗಲೆಲ್ಲ ಹೆಂಡತಿ ಹಾಗೆ ಅನ್ನುತ್ತಿದ್ದರೆಂದು ಆಮೇಲೆ ಅವರೇ ಹೇಳಿದರು.

ಮುಂದಿನ ವಾರ ಅವರು ಶೆಡ್ಡಿಗೇ ಬಂದರು. “ಇನ್ನೊಂದ್ ಸಲ ಹೇಳು, ಮೇಸ್ತ್ರಿ.”

ಆ ಮಾತನ್ನು ಅಂತೋಣಿಯಿಂದ ಬಾಯಿಪಾಠ ಮಾಡಿಕೊಂಡಿದ್ದೆ. ಕೆಲಸ ನಿಲ್ಲಿಸಿ ಹೇಳಿದೆ. ಕಣ್ಣು ಮುಚ್ಚಿ ಕೇಳಿದರು. ಮತ್ತೊಮ್ಮೆ ಹೇಳಿದೆ.

“ಇದು ನಿನ್ ದನಿ,” ಎಂದು ನನ್ನ ಭುಜ ತಟ್ಟಿ ಹೊರಟುಹೋದರು. ಆ ವರ್ಷವೇ ತೀರಿಕೊಂಡರು.

ಅವತ್ತು ಕೇಳಿಸಿದ್ದು ಯಾರ ದನಿ ಎಂದು ನನಗೆ ಇಂದಿಗೂ ಹೇಳಲಾಗುವುದಿಲ್ಲ. ಅವರು ಮಾತ್ರ ಗುರುತು ಹಿಡಿದಿದ್ದರು.